ಕಸಕ್ಕೆ ಮೊದಲು ಗಿರಾಕಿ ಹುಡುಕಿ

ಕರಾವಳಿಯ ಒಂದು ಗ್ರಾಮ ಪಂಚಾಯತ್‌ನ ಒಣಕಸ ಘಟಕದಲ್ಲಿ ನಾನು ಮೇಲ್ವಿಚಾರಕಿ. ಸಂಜೀವಿನಿ ಒಕ್ಕೂಟದ ಹೆಂಗಸರೇ ಗಾಡಿ ಓಡಿಸುತ್ತೇವೆ, ಮನೆಮನೆಯಿಂದ ಕಸ ತರುತ್ತೇವೆ, ವಿಂಗಡಿಸುತ್ತೇವೆ, ಮಾರುತ್ತೇವೆ. ಹೊಸದಾಗಿ ಘಟಕ ತೆರೆಯುವ ಪಂಚಾಯತ್‌ನವರು ನಮ್ಮಲ್ಲಿಗೆ ನೋಡಲು ಬರುತ್ತಾರೆ. ಬಂದವರು ಕೇಳುವುದು ಶೆಡ್ಡಿನ ಅಳತೆ, ಗಾಡಿಯ ಬೆಲೆ, ಮಾಲನ್ನು ಒತ್ತಿ ಮೂಟೆ ಕಟ್ಟುವ ಬೇಲಿಂಗ್ ಯಂತ್ರದ ಕಂಪನಿ. ಅವೆಲ್ಲ ಎಂಜಿನಿಯರರ ಅಂದಾಜುಪಟ್ಟಿಯಲ್ಲಿ ಸಿಗುತ್ತವೆ. ಅಂದಾಜುಪಟ್ಟಿಯಲ್ಲಿ ಸಿಗದ ಸಂಗತಿಗಳನ್ನು ಇಲ್ಲಿ ಬರೆದಿದ್ದೇನೆ.

1. ಗಾಡಿಗಿಂತ ಮೊದಲು ಗಿರಾಕಿ

ಮನೆಯಿಂದ ಎತ್ತಿದ ಪ್ರತಿ ವಸ್ತುವೂ ನಮ್ಮ ಶೆಡ್ಡಿನಿಂದ ಮುಂದೆ ಎಲ್ಲಿಗಾದರೂ ಹೊರಡಲೇಬೇಕು. ಎಲ್ಲಿಗೆ ಎಂಬುದು ಗೊತ್ತಿಲ್ಲದೆ ಗಾಡಿ ಓಡಿಸಿದರೆ, ನೂರು ಹಿತ್ತಲಲ್ಲಿ ಚದುರಿದ್ದ ಕಸವನ್ನು ಒಂದೇ ಕಡೆ ರಾಶಿ ಹಾಕಿದ ಹಾಗಾಗುತ್ತದೆ, ಅಷ್ಟೆ.

ಟೆಂಡರ್ ಕರೆಯುವ ಮೊದಲು ಒಂದು ಹಾಳೆಯಲ್ಲಿ ಮೂರು ಕಾಲಂ ಎಳೆಯಿರಿ. ಮೊದಲನೆಯದರಲ್ಲಿ ದುಡ್ಡು ಕೊಟ್ಟು ಒಯ್ಯುವ ಮಾಲು: ಕಬ್ಬಿಣ, ಅಲ್ಯುಮಿನಿಯಂ, ರಟ್ಟು, ಪೆಟ್ ಬಾಟಲಿ, ಹಾಲಿನ ಕವರ್, ಗಟ್ಟಿ ಪ್ಲಾಸ್ಟಿಕ್. ಎರಡನೆಯದರಲ್ಲಿ ಕೊಟ್ಟರೆ ಬೇಡ ಎನ್ನದ, ಆದರೆ ಕಾಸು ಕೊಡದ ಮಾಲು. ಮೂರನೆಯದರಲ್ಲಿ ನಾವೇ ಬಾಡಿಗೆ ತೆತ್ತು ಕಳಿಸಬೇಕಾದದ್ದು: ಚಿಪ್ಸ್ ಪ್ಯಾಕೆಟ್, ಗುಟ್ಕಾ ಚೀಟಿ, ಹರಿದ ಚಪ್ಪಲಿ, ಮೀನಿನ ಥರ್ಮಕೋಲ್ ಪೆಟ್ಟಿಗೆಯ ಚೂರು, ಹಳೇ ಬಟ್ಟೆ. ಜಾಗ ತಿನ್ನುವುದು ಮೂರನೇ ಕಾಲಮ್ಮಿನದೇ. ಚಿಪ್ಸ್ ಪ್ಯಾಕೆಟ್ಟಿನಲ್ಲಿ ಪ್ಲಾಸ್ಟಿಕ್ಕಿನ ಪದರಗಳ ಜೊತೆ ಲೋಹದ ತೆಳು ಪದರ ಅಂಟಿಕೊಂಡಿರುತ್ತದೆ. ಬಿಡಿಸಿ ಕರಗಿಸುವ ಅಗ್ಗದ ದಾರಿಯಿಲ್ಲ. ಹಾಗಾಗಿ ಅದು ಸಿಮೆಂಟ್ ಕಾರ್ಖಾನೆಯ ಗೂಡಿಗೆ ಕಲ್ಲಿದ್ದಲಿನ ಜೊತೆ ಉರುವಲಾಗಿ ಹೋಗುತ್ತದೆ. ಆ ಗೂಡುಗಳು ನಮ್ಮಿಂದ ಘಟ್ಟದಾಚೆ.

ಅಷ್ಟು ದೂರದ ಲಾರಿ ಒಂದೇ ಪಂಚಾಯತ್‌ನ ಮಾಲಿಗಾಗಿ ಬರುವುದಿಲ್ಲ. ಉಡುಪಿ ಜಿಲ್ಲೆಯ ಕಾರ್ಕಳ ತಾಲ್ಲೂಕಿನ ನಿಟ್ಟೆಯಲ್ಲಿ ದಿನಕ್ಕೆ 10 ಟನ್ ಒಣಕಸ ನಿಭಾಯಿಸುವ ಘಟಕ, ನಾವೆಲ್ಲ ಎಂಆರ್‌ಎಫ್ ಎನ್ನುವುದು, ಬಂದದ್ದು ಈ ಕಷ್ಟಕ್ಕೆ ಪರಿಹಾರವಾಗಿ. ಹತ್ತಾರು ಪಂಚಾಯತ್‌ಗಳ ಸಣ್ಣ ರಾಶಿಗಳು ಒಂದೆಡೆ ಸೇರಿದರೆ ದೂರದ ಕಾರ್ಖಾನೆಯೂ ಮಾತಿಗೆ ಬರುತ್ತದೆ. ನಿಮ್ಮ ತಾಲ್ಲೂಕಿನಲ್ಲಿ ಅಂಥದ್ದು ಇಲ್ಲವಾದರೆ ಅಕ್ಕಪಕ್ಕದ ನಾಲ್ಕು ಪಂಚಾಯತ್‌ನವರು ಕೂತು ಒಂದೇ ಲಾರಿಗೆ ಮಾತಾಡಿಕೊಳ್ಳಿ. ಶೆಡ್ಡಿಗೆ ಬಣ್ಣ ಹೊಡೆಯುವುದನ್ನು ಆಮೇಲೆ ನೋಡೋಣ.

2. ಮಳೆಗಾಲದ ತಯಾರಿ ಮೇ ತಿಂಗಳಲ್ಲಿ

ನಮ್ಮ ಕಡೆ ಜೂನ್‌ನಿಂದ ಸೆಪ್ಟೆಂಬರ್‌ವರೆಗೆ ಒಣಕಸ ಹೆಸರಿಗಷ್ಟೇ ಒಣ. ನೆಂದ ರಟ್ಟು ತಕ್ಕಡಿಯಲ್ಲಿ ಹೆಚ್ಚು ತೂಗುತ್ತದೆಂದು ಖುಷಿಪಡಬೇಡಿ. ಕೊಳ್ಳುವವನು ತೇವದ ಲೆಕ್ಕದಲ್ಲಿ ತೂಕ ಕಡಿಯುತ್ತಾನೆ. ಬೂಸ್ಟು ಹಿಡಿದಿದ್ದರೆ ಲೋಡನ್ನೇ ವಾಪಸು ಕಳಿಸುತ್ತಾನೆ, ಎರಡೂ ಕಡೆಯ ಬಾಡಿಗೆ ನಮ್ಮ ತಲೆಗೆ. ಮೇ ಮುಗಿಯುವುದರೊಳಗೆ ಶೆಡ್ ಖಾಲಿಯಾಗಿರಬೇಕು. ರಟ್ಟು, ಪೇಪರು ನೆಲದಿಂದ ಒಂದಡಿ ಮೇಲೆ ಹಲಗೆಯ ಮೇಲಿರಬೇಕು. ಗಾಡಿಗೆ ಟಾರ್ಪಾಲು ಇಲ್ಲದೆ ಹೊರಡಬಾರದು. ಮಳೆ ಬಿಡದ ವಾರಗಳಲ್ಲಿ ತೊಳೆದ ಕವರುಗಳನ್ನು ಮನೆಯಲ್ಲೇ ಇಟ್ಟುಕೊಳ್ಳಲು ಹೇಳುತ್ತೇವೆ. ತೊಳೆದ ಪ್ಲಾಸ್ಟಿಕ್ ತಿಂಗಳಿಟ್ಟರೂ ನಾರುವುದಿಲ್ಲ.

ಹಾಲಿನ ಕವರ್ ಬಗ್ಗೆ ಪ್ರತಿ ಮನೆಯಲ್ಲೂ ಹೇಳಬೇಕಾದ ಮಾತೊಂದಿದೆ. ಮೂಲೆ ಕತ್ತರಿಸಿ ತುಂಡನ್ನು ಬೇರೆ ಮಾಡಬೇಡಿ, ಅಂಚಿನಲ್ಲಿ ಸೀಳಿ. ಉಗುರಿನಷ್ಟಿರುವ ಆ ತುಂಡನ್ನು ಯಾವ ಕೈಯೂ ಹೆಕ್ಕುವುದಿಲ್ಲ. ಪಾತ್ರೆ ತೊಳೆದ ನೀರಿನಲ್ಲಿ ಅದು ತೋಡಿಗೆ, ತೋಡಿನಿಂದ ಹೊಳೆಗೆ, ಹೊಳೆಯಿಂದ ಕಡಲಿಗೆ ಹೋಗುತ್ತದೆ. ಇಡೀ ಕವರ್ ತೊಳೆದು ಒಣಗಿಸಿ ಕೊಟ್ಟರೆ ನಮ್ಮ ಶೆಡ್ಡಿನಲ್ಲಿ ಅದಕ್ಕೆ ಒಳ್ಳೆಯ ಬೆಲೆ ಇದೆ.

3. ಪ್ಲಾಸ್ಟಿಕ್ ಕೈಗೆ ಗೊತ್ತಾಗಬೇಕು

ತಳದಲ್ಲಿ ತ್ರಿಕೋನದೊಳಗೆ 1ರಿಂದ 7ರವರೆಗಿನ ಅಂಕಿ ಇರುತ್ತದೆ, ನೋಡಿ ವಿಂಗಡಿಸಿ ಎಂದು ತರಬೇತಿಯಲ್ಲಿ ಹೇಳುತ್ತಾರೆ. ಮಾಲಿನಲ್ಲಿ ಅರ್ಧಕ್ಕೆ ಅಂಕಿಯೇ ಇರುವುದಿಲ್ಲ, ಇದ್ದದ್ದು ಸವೆದಿರುತ್ತದೆ. ಕೈ, ಕಿವಿ, ಒಂದು ಬಕೆಟ್ ನೀರು ಸಾಕು. ಎಳೆದರೆ ಸದ್ದಿಲ್ಲದೆ ಹಿಗ್ಗುವುದು ಎಲ್‌ಡಿ, ಹಾಲಿನ ಕವರ್ ಆ ಜಾತಿಯದು. ಹಿಸುಕಿದರೆ ಚರಚರ ಅನ್ನುವುದು ಪಿಪಿ, ಬಟ್ಟೆ ಅಂಗಡಿಯ ಪಾರದರ್ಶಕ ಚೀಲದ ಹಾಗೆ. ನೀರಿಗೆ ಹಾಕಿದಾಗ ತೇಲುವುದು ಎಚ್‌ಡಿ, ಎಲ್‌ಡಿ, ಪಿಪಿ. ಮುಳುಗುವುದು ಪೆಟ್ ಮತ್ತು ಪಿವಿಸಿ; ಇವೆರಡನ್ನು ಬೇರೆ ಮಾಡುವುದು ಮಾತ್ರ ಕೈ, ಕಣ್ಣಿನ ಕೆಲಸ. ನೀರಿನ ಬಾಟಲಿಯ ಮೈ ಮುಳುಗುತ್ತದೆ, ಮುಚ್ಚಳ ತೇಲುತ್ತದೆ. ಎರಡೂ ಬೇರೆ ಬೇರೆ ಪ್ಲಾಸ್ಟಿಕ್ ಎಂದು ಹೊಸಬರಿಗೆ ಇದನ್ನೇ ತೋರಿಸಿ ಕಲಿಸುತ್ತೇವೆ.

ಇದರಲ್ಲಿ ಸೋಮಾರಿತನ ಮಾಡಿದರೆ ನಷ್ಟ ಕಾರ್ಖಾನೆಗೆ ಮಾತ್ರ ಅಲ್ಲ. ಪೆಟ್ ಕರಗುವ ಶಾಖದಲ್ಲಿ ಪಿವಿಸಿ ವಿಘಟನೆಯಾಗಿ ಆಮ್ಲ ಬಿಡುತ್ತದೆ. ಚೂರೇ ಸೇರಿದ್ದರೂ ಇಡೀ ಪಾಕ ಹಳದಿಗಟ್ಟುತ್ತದೆ, ಕಪ್ಪು ಚುಕ್ಕೆ ಬೀಳುತ್ತದೆ. ಒಮ್ಮೆ ಹಾಗಾದ ಮೇಲೆ ನಮ್ಮ ಘಟಕದ ಮಾಲು ಮಿಕ್ಸ್ ಎಂದು ಹೆಸರಾಗುತ್ತದೆ, ಮಿಕ್ಸ್‌ಗೆ ಮಿಕ್ಸಿನ ದರ. ಕೆಲವು ಗುಜರಿಗಳಲ್ಲಿ ಲೈಟರ್ ಹಚ್ಚಿ ಹೊಗೆಯ ವಾಸನೆಯಿಂದ ಪ್ಲಾಸ್ಟಿಕ್ ಗುರುತಿಸುವ ರೂಢಿಯಿದೆ. ಅದನ್ನು ನಮ್ಮ ಶೆಡ್ಡಿನೊಳಗೆ ಬಿಟ್ಟಿಲ್ಲ. ಬಕೆಟ್ಟಿನ ನೀರು ಹೇಳುವುದನ್ನು ತಿಳಿಯಲು ಶ್ವಾಸಕೋಶ ಪಣಕ್ಕಿಡಬೇಕಾಗಿಲ್ಲ.

4. ಕಡಿಮೆ ಕಸ ಕೊಡುವ ಮನೆಯ ಬಚ್ಚಲು ನೋಡಿ

ಕೆಲವು ಮನೆಗಳು ತಿಂಗಳಿಗೊಂದು ಸಣ್ಣ ಪೊಟ್ಟಣ ಕೊಡುತ್ತವೆ. ಇವರು ಪ್ಲಾಸ್ಟಿಕ್ ತರುವುದೇ ಕಡಿಮೆ ಎಂದು ತಿಳಿಯುವ ಮೊದಲು ಬಚ್ಚಲ ಒಲೆಯ ಬೂದಿ ನೋಡಬೇಕು. ಕರಾವಳಿಯಲ್ಲೂ ಮಲೆನಾಡಿನಲ್ಲೂ ಹಂಡೆಯ ನೀರು ಕಾಯಿಸಲು ಬೆಂಕಿ ಹೊತ್ತಿಸುವುದು ಎಷ್ಟೋ ಕಡೆ ಪ್ಲಾಸ್ಟಿಕ್ ಕವರಿನಿಂದ. ಮಳೆಗಾಲದಲ್ಲಿ ಸೌದೆ, ಮಡಲು ಎಲ್ಲ ಹಸಿ, ಆಗ ಇದು ಇನ್ನೂ ಜಾಸ್ತಿ. ಕ್ಲೋರಿನ್ ಇರುವ ಪ್ಲಾಸ್ಟಿಕ್ ಇಂಥ ತಗ್ಗಿನ ಶಾಖದಲ್ಲಿ ಉರಿದರೆ ಡಯಾಕ್ಸಿನ್ ಹುಟ್ಟುತ್ತದೆ. ಒಲೆಯ ಮುಂದೆ ಕೂತು ಊದುವುದು ಹೆಂಗಸರು, ಪಕ್ಕದಲ್ಲಿ ಚಳಿ ಕಾಯಿಸಿಕೊಳ್ಳುವುದು ಮಕ್ಕಳು.

ಕ್ಯಾನ್ಸರ್ ಬರುತ್ತದೆ ಎಂದು ಹೆದರಿಸಿದರೆ ತಲೆಯಾಡಿಸುತ್ತಾರೆ, ಮರುದಿನ ಮತ್ತೆ ಕವರ್ ಹಚ್ಚುತ್ತಾರೆ. ಬೂದಿಯ ಮಾತೆತ್ತಿದರೆ ಮಾತ್ರ ಕಿವಿ ನಿಮಿರುತ್ತದೆ. ಯಾಕೆಂದರೆ ಆ ಬೂದಿ ಹೋಗುವುದು ತೆಂಗಿನ ಬುಡಕ್ಕೆ, ಬಸಳೆ ಚಪ್ಪರದ ಬುಡಕ್ಕೆ. ಬಣ್ಣ, ಲೋಹದ ಅಂಶ ಸುಟ್ಟು ಮಾಯವಾಗುವುದಿಲ್ಲ, ಬೂದಿಯಲ್ಲಿ ಉಳಿಯುತ್ತದೆ, ಬಸಳೆ ತಿನ್ನುವವರು ನಾವೇ. ಅದರ ಜೊತೆ ಎರಡು ಕೆಲಸ ಮಾಡಿದೆವು. ಬಚ್ಚಲ ಬಾಗಿಲಲ್ಲೇ ತೂಗುಹಾಕಲು ಒಂದು ಗೋಣಿಚೀಲ ಕೊಟ್ಟೆವು, ಕವರ್ ಹಿಡಿದ ಕೈಗೆ ಒಲೆಗಿಂತ ಚೀಲ ಹತ್ತಿರವಿರಲಿ ಎಂದು. ಮಳೆಗೆ ಮೊದಲೇ ಒಣಗಿದ ತೆಂಗಿನ ಗರಟೆ, ಸಿಪ್ಪೆ ಒಳಗಿಟ್ಟುಕೊಳ್ಳಿ ಎಂದು ಮೇ ತಿಂಗಳಲ್ಲಿ ಮನೆಮನೆಗೆ ನೆನಪಿಸಿದೆವು.

5. ಹಸಿಕಸಕ್ಕೆ ಹಿತ್ತಲಿದ್ದರೆ ಗಾಡಿ ಬೇಡ

ಹಳ್ಳಿಯ ಮನೆಗೆ ತೆಂಗಿನ ಕಟ್ಟೆ, ಗೊಬ್ಬರದ ಗುಂಡಿ ಇದೆ. ಅಲ್ಲಿಂದ ಹಸಿಕಸ ಹೊರುವುದು ದುಡ್ಡು ದಂಡ. ತೊಂದರೆ ಇರುವುದು ಪೇಟೆ ಬದಿಯ ಬಾಡಿಗೆ ಕೋಣೆ, ಹೋಟೆಲು, ಕೋಳಿ ಅಂಗಡಿಗಳಲ್ಲಿ. ಗೊಬ್ಬರ ಮಾಡುವವರಿಗೆ ಒಂದೇ ಸೂತ್ರ: ನಾರುತ್ತಿದ್ದರೆ ತೇವ ಜಾಸ್ತಿಯಾಗಿದೆ, ಒಣ ಎಲೆ, ತೆಂಗಿನ ನಾರಿನ ಹುಡಿ ಸೇರಿಸಿ ಮಗುಚಿ. ಕೋಳಿತ್ಯಾಜ್ಯ ಮಾತ್ರ ಮನೆಯ ಗುಂಡಿಗೆ ಒಗ್ಗದು. ರಾತ್ರಿ ಸೇತುವೆಯ ಮೇಲೆ ಬೈಕ್ ನಿಲ್ಲಿಸಿ ಹೊಳೆಗೆ ಎಸೆಯುವ ಚೀಲಗಳಲ್ಲಿ ಇರುವುದು ಹೆಚ್ಚಾಗಿ ಅದೇ. ಮಂಗಳೂರಿನಲ್ಲಿ ನೇತ್ರಾವತಿ ಸೇತುವೆಗೆ ಬಲೆ ಕಟ್ಟಬೇಕಾಗಿ ಬಂತು. ಬಲೆಗಿಂತ ಕೆಲಸ ಮಾಡುವುದು ಪರವಾನಗಿ: ತ್ಯಾಜ್ಯ ಯಾರು, ಯಾವ ದಿನ ಒಯ್ಯುತ್ತಾರೆ ಎಂದು ಬರೆದುಕೊಡದ ಕೋಳಿ ಅಂಗಡಿಗೆ ಲೈಸೆನ್ಸ್ ನವೀಕರಿಸಬೇಡಿ.

6. ಅಪಾಯದ ಕಸಕ್ಕೆ ಬೇರೆ ದಿನ, ಬೇರೆ ಡಬ್ಬಿ

ಮನೆಯಲ್ಲೇ ಕೂತಿರುವ ವಿಷದ ಸಾಮಾನುಗಳ ಪಟ್ಟಿ ಚಿಕ್ಕದಲ್ಲ. ಇನ್ಸುಲಿನ್ ಸೂಜಿ, ಟ್ಯೂಬ್‌ಲೈಟ್, ಸೆಲ್ಲು, ಮೊಬೈಲ್ ಬ್ಯಾಟರಿ, ಪೇಂಟ್ ಡಬ್ಬಿ, ಅವಧಿ ಮುಗಿದ ಮಾತ್ರೆ, ಕೀಟನಾಶಕದ ಬಾಟಲಿ. ಕಾನೂನಿನ ಪುಸ್ತಕದಲ್ಲಿ ಇವುಗಳ ಜಾಗ ಇಕ್ಕಟ್ಟಿನದು. 2016ರ ಅಪಾಯಕಾರಿ ತ್ಯಾಜ್ಯ ನಿಯಮ ನೋಡುವುದು ಕಾರ್ಖಾನೆಗಳನ್ನು. ಅಲ್ಲಿನ ಕೆಸರು, ಬೂದಿಗೆ ದಾಬಸ್‌ಪೇಟೆಯಲ್ಲಿ ವಿಶೇಷ ವಿಲೇವಾರಿ ತಾಣವಿದೆ. ಮನೆಯ ಅಪಾಯಕಾರಿ ಕಸವನ್ನು ಹೆಸರಿಟ್ಟು ಕರೆದದ್ದು ಅದೇ ವರ್ಷದ ಘನತ್ಯಾಜ್ಯ ನಿಯಮ. ಪ್ರತಿ 20 ಚದರ ಕಿಲೋಮೀಟರಿಗೆ ಒಂದರಂತೆ ಸಂಗ್ರಹ ಕೇಂದ್ರ ಇರಬೇಕು ಎಂದು ಅದು ನಗರಗಳಿಗೆ ಹೇಳಿತು. ಆ ನಿಯಮದಡಿ ಹಳ್ಳಿಯಲ್ಲಿ ಅಂಥ ಡಬ್ಬಿ ಇಡಬೇಕೆಂದರೆ ಪಂಚಾಯತ್ ಸ್ವಂತ ಮನಸ್ಸಿನಿಂದ ಇಡಬೇಕಿತ್ತು.

ಇಟ್ಟ ಮೇಲೆ ಒಂದೊಂದಕ್ಕೂ ಒಂದೊಂದು ಶಿಸ್ತು. ಸೂಜಿಯನ್ನು ಗಟ್ಟಿ ಪ್ಲಾಸ್ಟಿಕ್ ಬಾಟಲಿಯಲ್ಲಿ ತುಂಬಿ, ಮುಚ್ಚಳ ಬಿಗಿದು, ಮೇಲೆ ‘ಸೂಜಿ’ ಎಂದು ಬರೆದು ಕೊಡಲಿ. ಬಾಟಲಿ ತೆಗೆದುಕೊಳ್ಳುವಂತೆ ಪ್ರಾಥಮಿಕ ಆರೋಗ್ಯ ಕೇಂದ್ರದವರ ಜೊತೆ ಮೊದಲೇ ಮಾತಾಡಿಟ್ಟುಕೊಳ್ಳಿ. ಅವರ ವೈದ್ಯಕೀಯ ತ್ಯಾಜ್ಯ ಒಯ್ಯುವ ವಾಹನ ಹೇಗೂ ಬರುತ್ತದೆ. ಟ್ಯೂಬ್‌ಲೈಟಿನಲ್ಲಿ ಪಾದರಸ ಇದೆ, ಒಡೆಯದಂತೆ ಅದರದೇ ರಟ್ಟಿನ ಕವಚದಲ್ಲಿ ನಿಲ್ಲಿಸಿಡಿ. ಮೊಬೈಲ್, ಪವರ್‌ಬ್ಯಾಂಕ್ ಬ್ಯಾಟರಿಗಳು ಬೇಲಿಂಗ್ ಯಂತ್ರದ ಹತ್ತಿರವೂ ಸುಳಿಯಬಾರದು. ಲಿಥಿಯಂ ಬ್ಯಾಟರಿ ಜಜ್ಜಿದರೆ ತಾನೇ ಹೊತ್ತಿಕೊಳ್ಳುತ್ತದೆ, ಸುತ್ತ ಇರುವುದೆಲ್ಲ ಪೇಪರು, ಪ್ಲಾಸ್ಟಿಕ್. ಒಣ ಮರಳು ತುಂಬಿದ ಲೋಹದ ಡಬ್ಬಿಯಲ್ಲಿ ಹಾಕಿ ಶೆಡ್ಡಿನ ಹೊರಗಿಡುತ್ತೇವೆ. ಇನ್ವರ್ಟರ್‌ನ ಸೀಸದ ಬ್ಯಾಟರಿ ಹಳೆಯದನ್ನು ಕೊಟ್ಟು ಹೊಸದು ತರುವ ಅಂಗಡಿಗೇ ಹೋಗಲಿ. ಅದಕ್ಕೆ ಬೆಲೆ ಇದೆ ಎಂದು ಆಸೆಪಟ್ಟು ಒಡೆಯಲು ಹೋಗಬೇಡಿ.

ಕೀಟನಾಶಕದ ಬಾಟಲಿಯದು ನಮ್ಮ ತೋಟದೂರುಗಳಲ್ಲಿ ದೊಡ್ಡ ಕತೆ. ಖಾಲಿಯಾದ ಕೂಡಲೇ ಮೂರು ಸಲ ತೊಳೆದು, ಆ ನೀರನ್ನು ಸಿಂಪಡಣೆಯ ಡ್ರಮ್ಮಿಗೇ ಸುರಿದು, ಬಾಟಲಿಗೆ ತೂತು ಹಾಕಬೇಕು. ತೂತು ಹಾಕದಿದ್ದರೆ ಯಾರೋ ಅದರಲ್ಲಿ ಸೀಮೆಎಣ್ಣೆಯೋ ನೀರೋ ತುಂಬುತ್ತಾರೆ. ದಕ್ಷಿಣ ಕನ್ನಡದ ಕೊಕ್ಕಡ ಸುತ್ತಿನ ಗೇರು ತೋಟಗಳ ಮೇಲೆ ವರ್ಷಗಟ್ಟಲೆ ಎಂಡೋಸಲ್ಫಾನ್ ಸುರಿದದ್ದರ ಫಲವನ್ನು ಅಲ್ಲಿನ ಮನೆಗಳು ಇಂದಿಗೂ ಉಣ್ಣುತ್ತಿವೆ. ಸುಪ್ರೀಂ ಕೋರ್ಟ್ 2011ರಲ್ಲಿ ತಡೆಯೊಡ್ಡುವ ಹೊತ್ತಿಗೆ ಒಂದು ತಲೆಮಾರು ಆಗಿಹೋಗಿತ್ತು. ಈ ಜಿಲ್ಲೆಗಳಲ್ಲಿ ವಿಷದ ಬಾಟಲಿಯನ್ನು ಹಗುರವಾಗಿ ಹಿಡಿಯುವಂತಿಲ್ಲ.

7. ಡೈಪರಿಗೆ ಗಿರಾಕಿ ಇಲ್ಲ, ಇದನ್ನು ಮುಚ್ಚಿಡಬೇಡಿ

ಪ್ಯಾಡು, ಡೈಪರ್ ಕೊಳ್ಳುವವರೂ ಇಲ್ಲ, ಪುಕ್ಕಟೆ ಒಯ್ಯುವವರೂ ಇಲ್ಲ. ಪೇಪರಿನಲ್ಲಿ ಸುತ್ತಿ ಕೆಂಪು ಗುರುತು ಹಾಕಿ ಬೇರೆ ಕೊಡಿ ಎಂದು ಮನೆಯವರಿಗೆ ಹೇಳಲು ಮೊದಮೊದಲು ಎಲ್ಲರಿಗೂ ನಾಚಿಕೆ. ನಮ್ಮಲ್ಲಿ ಹೆಂಗಸರೇ ಗಾಡಿಯಲ್ಲಿರುವುದರಿಂದ ಆ ಮಾತು ಸುಲಭವಾಯಿತು. ಎಲ್ಲದಕ್ಕೂ ಪರಿಹಾರ ಎಂದು ಸಣ್ಣ ಸುಡುವ ಯಂತ್ರ ಮಾರಲು ಬರುವವರಿದ್ದಾರೆ. ಅವರಿಗೆ ಒಂದೇ ಪ್ರಶ್ನೆ ಕೇಳಿ: ಶಾಖ ಎಷ್ಟು? ವೈದ್ಯಕೀಯ ತ್ಯಾಜ್ಯ ಸುಡುವ ಕುಲುಮೆಯ ಎರಡನೇ ಕೋಣೆಯಲ್ಲಿ 1050 ಡಿಗ್ರಿ ಸೆಲ್ಸಿಯಸ್ ಆಸುಪಾಸು ಇರಬೇಕು ಎಂದು 2016ರ ವೈದ್ಯಕೀಯ ತ್ಯಾಜ್ಯ ನಿಯಮ ಹೇಳುತ್ತದೆ. ಎರಡನೇ ಕೋಣೆಯೇ ಇಲ್ಲದ ಡಬ್ಬಿಯಲ್ಲಿ ಡೈಪರ್ ಸುಟ್ಟರೆ ಬಚ್ಚಲ ಒಲೆಯನ್ನೇ ಶೆಡ್ಡಿಗೆ ತಂದ ಹಾಗೆ.

8. ‘ಕಸದಿಂದ ರಸ’ ಬಜೆಟ್ಟಿಗೆ ಬೇಡ

ಗೋಡೆಬರಹಕ್ಕೆ ಆ ಮಾತು ಚೆಂದ. ಮಾರಾಟದ ದುಡ್ಡಿನಲ್ಲೇ ಘಟಕ ನಡೆಯುತ್ತದೆ ಎಂದು ಹೊರಟರೆ ಸಂಬಳಕ್ಕೆ ಕುತ್ತು ಬರುತ್ತದೆ. ರಟ್ಟಿನ ದರ, ಪೆಟ್ಟಿನ ದರ ನಮ್ಮ ಕೈಯಲ್ಲಿಲ್ಲ; ಡೀಸೆಲ್ ದರವೂ ಇಲ್ಲ. ಕೈಯಲ್ಲಿರುವುದು ಮನೆಯ ಶುಲ್ಕ ಒಂದೇ. ಮಾರಾಟದ ಹಣವನ್ನು ಲಾಭ ಎಂದು ಕರೆಯದೆ ದುರಸ್ತಿ ಮತ್ತು ಮಳೆಗಾಲದ ನಿಧಿ ಎಂದು ತೆಗೆದಿಡಿ. ಸಂಬಳ ಶುಲ್ಕದಿಂದ, ಪಂಚಾಯತ್‌ನ ಅನುದಾನದಿಂದ ಬರಲಿ.

ಶುಲ್ಕ ಕೇಳುವಾಗ ರಸೀದಿ ಪುಸ್ತಕದ ಜೊತೆ ಒಂದು ಮಾತೂ ಇರಲಿ: ನಾವು ಕಸ ಕೊಳ್ಳಲು ಬಂದಿಲ್ಲ, ಸೇವೆ ಕೊಡಲು ಬಂದಿದ್ದೇವೆ. ‘ಗುಜರಿಯವನು ನನಗೇ ದುಡ್ಡು ಕೊಡುತ್ತಾನೆ, ನೀವು ನನ್ನತ್ರ ಕೇಳುತ್ತೀರಲ್ಲ’ ಎನ್ನುವವರು ಪ್ರತಿ ಊರಲ್ಲೂ ಇದ್ದಾರೆ. ಕಬ್ಬಿಣ ಗುಜರಿಗೇ ಕೊಡಿ, ಅವನು ಬಿಟ್ಟು ಹೋದದ್ದನ್ನು ನಮಗೆ ಕೊಡಿ ಎನ್ನುತ್ತೇನೆ. ಗುಜರಿಯವನ ಹೊಟ್ಟೆಪಾಡಿನ ಮೇಲೆ ಕಣ್ಣು ಹಾಕಿ ಘಟಕ ಉದ್ಧಾರವಾಗುವುದಿಲ್ಲ. ದರ ತಿಳಿಯಲು, ಹೊಸ ಗಿರಾಕಿ ಹುಡುಕಲು ನಮಗೆ ಸಲಹೆ ಕೊಡುವವನೂ ಅವನೇ.

9. ಜಾತ್ರೆಯ ಕಸ ಜಾತ್ರೆಗೆ ಮೊದಲೇ ತೀರ್ಮಾನವಾಗಬೇಕು

ಆಟ, ಕೋಲ, ಮದುವೆ, ಬ್ರಹ್ಮಕಲಶ. ನವೆಂಬರ್‌ನಿಂದ ಮೇವರೆಗೆ ಒಂದೊಂದು ರಾತ್ರಿಯ ಕಸ ಒಂದು ವಾರದ ಮನೆಗಸವನ್ನು ಮೀರಿಸುತ್ತದೆ. 2016ರ ಘನತ್ಯಾಜ್ಯ ನಿಯಮ ನಗರಗಳಲ್ಲಿ ನೂರಕ್ಕಿಂತ ಹೆಚ್ಚು ಜನ ಸೇರುವ ಕಾರ್ಯಕ್ರಮಕ್ಕೆ ಕನಿಷ್ಠ ಮೂರು ಕೆಲಸದ ದಿನ ಮೊದಲು ಸ್ಥಳೀಯ ಸಂಸ್ಥೆಗೆ ತಿಳಿಸಬೇಕು ಎಂದಿತು. ಹಳ್ಳಿಯಲ್ಲೂ ಪಂಚಾಯತ್ ನಿರ್ಣಯ ಮಾಡಿ ಇದನ್ನು ರೂಢಿಗೆ ತನ್ನಿ. ಮೂರು ದಿನ ಮೊದಲು ಗೊತ್ತಾದರೆ ಸ್ಟೀಲ್ ಲೋಟ ಬಾಡಿಗೆಗೆ ಕೊಡಬಹುದು, ಬಾಳೆಲೆ ಎಲ್ಲಿಗೆ ಹೋಗಬೇಕು ಎಂದು ನಿಗದಿ ಮಾಡಬಹುದು. ಮರುದಿನ ಬೆಳಿಗ್ಗೆ ಗೊತ್ತಾದರೆ ಪೊರಕೆ ಹಿಡಿಯುವುದಷ್ಟೇ.

ಪೇಪರ್ ಕಪ್ ತಂದಿದ್ದೇವೆ, ಪ್ಲಾಸ್ಟಿಕ್ ಅಲ್ಲ ಎಂದು ಸಮಿತಿಯವರು ಹೆಮ್ಮೆಯಿಂದ ಹೇಳುತ್ತಾರೆ. ಒಂದು ಕಪ್ ನೀರಿನಲ್ಲಿ ನೆನೆಹಾಕಿ, ಒಳಗಿನ ಪ್ಲಾಸ್ಟಿಕ್ ಪೊರೆ ಸುಲಿದು ತೋರಿಸಿ. ಆ ಪೊರೆ ಇಲ್ಲದಿದ್ದರೆ ಚಹಾ ಸೋರಿಹೋಗುತ್ತಿತ್ತು. 2022ರ ಜುಲೈ 1ರಂದು ದೇಶದಲ್ಲಿ ನಿಷೇಧವಾದ ಏಕಬಳಕೆ ಸಾಮಾನುಗಳಲ್ಲಿ ಪ್ಲಾಸ್ಟಿಕ್ ಲೋಟ, ತಟ್ಟೆ, ಸ್ಟ್ರಾ, ಅಲಂಕಾರದ ಥರ್ಮಕೋಲ್ ಎಲ್ಲ ಇವೆ. ಪೇಪರ್ ಕಪ್ ಆ ಪಟ್ಟಿಯಲ್ಲಿಲ್ಲ, ನಮ್ಮ ಶೆಡ್ಡಿನಲ್ಲಿ ಮಾತ್ರ ಅದಕ್ಕೂ ಗಿರಾಕಿ ಇಲ್ಲ.

10. ರಾಶಿ ಬೆಳೆಯಲು ಬಿಟ್ಟರೆ ಅದು ಹೊರಡುತ್ತದೆ

ಕಸದ ರಾಶಿ ಇದ್ದಲ್ಲೇ ಇರುತ್ತದೆ ಎಂಬ ಭರವಸೆಯನ್ನು ಕರಾವಳಿಯವರು 2019ರ ಆಗಸ್ಟ್‌ನಲ್ಲಿ ಕಳೆದುಕೊಂಡರು. ಮಂಗಳೂರಿನ ಪಚ್ಚನಾಡಿಯ ಕಸದ ಗುಡ್ಡ ಮಳೆಗೆ ಕುಸಿದು ಕೆಳಗಿನ ಮಂದಾರದ ಮೇಲೆ ಜಾರಿತು. ಅಡಿಕೆ, ತೆಂಗಿನ ತೋಟಗಳು ಕಸದಡಿ ಹೂತುಹೋದವು, ಮನೆಮಂದಿ ಊರು ಬಿಟ್ಟು ಬೇರೆಡೆ ಸೇರಬೇಕಾಯಿತು. ನಗರದ ಹಸಿ, ಒಣ, ಎಲ್ಲವೂ ವರ್ಷಗಟ್ಟಲೆ ಬೆರೆತು ಬಿದ್ದದ್ದು ನೀರು ಕುಡಿದು ಭಾರವಾಗಿ ಹರಿಯಿತು.

ಪಂಚಾಯತ್ ಶೆಡ್ಡಿನ ಹಿಂದಿನ ಸಣ್ಣ ರಾಶಿಗೂ ಆ ಗುಡ್ಡಕ್ಕೂ ಗಾತ್ರದಲ್ಲಿ ಮಾತ್ರ ವ್ಯತ್ಯಾಸ. ‘ಆಮೇಲೆ ನೋಡೋಣ’ ಎಂದು ಹೊರಗೆ ಎಸೆದದ್ದು ಮೊದಲ ಮಳೆಗೆ ತೋಡಿಗಿಳಿಯುತ್ತದೆ, ಬೇಸಿಗೆಯಲ್ಲಿ ಒಂದು ಬೀಡಿಯ ಕಿಡಿಗೆ ಹೊತ್ತುತ್ತದೆ. ಶೆಡ್ಡಿನ ಗೋಡೆಯ ಹೊರಗೆ ಒಂದು ಚೀಲವೂ ಇರಬಾರದು ಎಂಬ ನಿಯಮ ಮಾಡಿ. ಒಳಗೆ ಜಾಗ ಸಾಲದಿದ್ದರೆ ಸಂಗ್ರಹ ಒಂದು ದಿನ ನಿಲ್ಲಿಸಿ, ಲಾರಿ ಕರೆಸಿ. ಬೈಗುಳ ತಿನ್ನಬೇಕಾಗುತ್ತದೆ, ತಿನ್ನಿ.

11. ಮೇಜಿನ ಎತ್ತರ ಸೊಂಟದಷ್ಟು

ವಿಂಗಡಿಸುವವರು ನೆಲದಲ್ಲಿ ಕುಕ್ಕರಗಾಲಲ್ಲಿ ಕೂತರೆ ಒಂದು ವರ್ಷದಲ್ಲಿ ಬೆನ್ನು, ಮಂಡಿ ಹೋಗುತ್ತವೆ. ಸೊಂಟದೆತ್ತರದ ಮೇಜು, ಒಳ್ಳೆಯ ಬೆಳಕು, ಟೆಟನಸ್ ಮತ್ತು ಹೆಪಟೈಟಿಸ್ ಬಿ ಚುಚ್ಚುಮದ್ದು, ಕೈತೊಳೆಯಲು ನೀರು ಇವಿಷ್ಟನ್ನು ಯಂತ್ರಕ್ಕಿಂತ ಮೊದಲು ಕೊಳ್ಳಿ. ಗ್ಲೌಸ್ ಕೊಟ್ಟರೂ ಹಾಕುವುದಿಲ್ಲ ಎಂದು ದೂರುವವರು ಎಂಥ ಗ್ಲೌಸ್ ಕೊಟ್ಟಿದ್ದೇವೆ ಎಂದು ನೋಡಬೇಕು. ದಪ್ಪ ರಬ್ಬರಿನಲ್ಲಿ ಬೆರಳಿಗೆ ಪ್ಲಾಸ್ಟಿಕ್ಕಿನ ಗುರುತು ಹತ್ತುವುದಿಲ್ಲ; ಅಂಗೈಗೆ ಲೇಪವಿರುವ ಹೆಣೆದ ಗ್ಲೌಸ್ ಕೊಡಿ, ತೆಗೆಯಲೇ ಒಪ್ಪುವುದಿಲ್ಲ.

12. ಉಳಿದದ್ದರ ಲೆಕ್ಕ ಬರೆಯಿರಿ

ಮಾರಿದ ಮಾಲಿನ ಲೆಕ್ಕ ಎಲ್ಲ ಘಟಕಗಳೂ ಬರೆಯುತ್ತವೆ. ಹೋಗದೆ ಉಳಿದದ್ದರ, ಬಾಡಿಗೆ ಕೊಟ್ಟು ಕಳಿಸಿದ್ದರ ಲೆಕ್ಕವೇ ಹೆಚ್ಚು ಕೆಲಸಕ್ಕೆ ಬರುವುದು. ಯಾವ ಬಗೆಯ ಪ್ಯಾಕೆಟ್, ಎಷ್ಟು ಕಿಲೋ, ಎಲ್ಲಿಗೆ ಹೋಯಿತು, ವೇಬ್ರಿಡ್ಜ್ ಚೀಟಿ ಇದೆಯೋ ಇಲ್ಲವೋ, ಎಲ್ಲ ಒಂದೇ ಪುಸ್ತಕದಲ್ಲಿರಲಿ.

ಕಾನೂನು ಹಳ್ಳಿಯ ಬಾಗಿಲಿಗೆ ಬಂದದ್ದು ಪ್ಲಾಸ್ಟಿಕ್ ಹಿಡಿದುಕೊಂಡೇ. 2016ರ ಪ್ಲಾಸ್ಟಿಕ್ ತ್ಯಾಜ್ಯ ನಿಯಮ ಮೊದಲ ಬಾರಿಗೆ ಗ್ರಾಮ ಪಂಚಾಯತ್‌ಗಳನ್ನೂ ಹೊಣೆಗಾರರನ್ನಾಗಿ ಮಾಡಿತು. 2022ರ ತಿದ್ದುಪಡಿ ಪ್ಯಾಕೆಟ್ ಮಾರುಕಟ್ಟೆಗೆ ಬಿಟ್ಟ ಕಂಪನಿ ಎಷ್ಟು ಪ್ಲಾಸ್ಟಿಕ್ ವಾಪಸು ಸಂಸ್ಕರಣೆಗೆ ಕಳಿಸಿದೆ ಎಂದು ಲೆಕ್ಕ ಕೊಡಬೇಕು ಎಂದು ವಿಧಿಸಿತು. ಆ ಲೆಕ್ಕದ ಪ್ರಮಾಣಪತ್ರಕ್ಕೆ ಬೆಲೆ ಇದೆ. ತೂಕದ ಚೀಟಿ ಇಲ್ಲದ ಘಟಕದ ದುಡಿಮೆ ಇನ್ಯಾರದೋ ಪ್ರಮಾಣಪತ್ರದಲ್ಲಿ ಕರಗಿಹೋಗುತ್ತದೆ. ಚೀಟಿ ಇದ್ದವರು ಲಾರಿ ಬಾಡಿಗೆಯನ್ನಾದರೂ ಕೇಳಬಹುದು.

ಅದೇ ಪುಸ್ತಕ ಗ್ರಾಮಸಭೆಯಲ್ಲೂ ಕೆಲಸ ಮಾಡುತ್ತದೆ. ಬಾಟಲಿಯ ಉದಾಹರಣೆ ತೆಗೆದುಕೊಳ್ಳಿ. ಗಾಜು ತೂಕಕ್ಕೆ ಭಾರ, ಬೆಲೆಗೆ ಹಗುರ. ಒಡೆದದ್ದನ್ನು ಯಾರೂ ಮುಟ್ಟುವುದಿಲ್ಲ, ಗದ್ದೆಯಲ್ಲಿ ಕಾಲು ಕೊಯ್ಯುತ್ತದೆ. ತಮಿಳುನಾಡಿನ ನೀಲಗಿರಿಯಲ್ಲಿ 2022ರಿಂದ ಮದ್ಯದ ಬಾಟಲಿಗೆ 10 ರೂಪಾಯಿ ಹೆಚ್ಚು ಪಡೆದು, ಖಾಲಿ ಬಾಟಲಿ ತಂದುಕೊಟ್ಟರೆ ಹಿಂದಿರುಗಿಸುತ್ತಾರೆ. ಮದ್ರಾಸ್ ಹೈಕೋರ್ಟ್ ಹೇಳಿ ಮಾಡಿಸಿದ ಕೆಲಸ ಅದು. ಕರ್ನಾಟಕದಲ್ಲೂ ಹಾಗಾಗಲಿ ಎಂದು ಬಾಯಲ್ಲಿ ಹೇಳಿದರೆ ಯಾರೂ ಬರೆದುಕೊಳ್ಳುವುದಿಲ್ಲ. ನಮ್ಮ ಪಂಚಾಯತ್‌ನಲ್ಲಿ ಈ ತಿಂಗಳು ಇಷ್ಟು ಕಿಲೋ ಒಡೆದ ಗಾಜು, ಸಾಗಿಸಲು ಇಷ್ಟು ಖರ್ಚು ಎಂದು ಓದಿದರೆ ಸಭೆ ನಿರ್ಣಯ ಬರೆಯುತ್ತದೆ, ನಿರ್ಣಯ ತಾಲ್ಲೂಕಿಗೆ ಹೋಗುತ್ತದೆ.

ಉಳಿದದ್ದರ ಲೆಕ್ಕವನ್ನು ಹೀಗೆ ಓದಲು ಶುರುಮಾಡಿದ ಮೇಲೆ ನಮ್ಮ ಸಭೆಯ ಪ್ರಶ್ನೆಗಳೂ ಬದಲಾದವು. ಹಿಂದೆಲ್ಲ ‘ಆ ಮನೆಯವರು ಸರಿಯಾಗಿ ಬೇರ್ಪಡಿಸುವುದಿಲ್ಲ’ ಎಂದು ಒಬ್ಬರ ಮೇಲೊಬ್ಬರು ಹೇಳುತ್ತಿದ್ದರು. ಈಗ ಯಾರಾದರೂ ಎದ್ದು ನಿಂತು, ಗಿರಾಕಿಯೇ ಇಲ್ಲದ ಈ ಪ್ಯಾಕೆಟ್ಟನ್ನು ನಮ್ಮೂರ ಅಂಗಡಿಗೆ ಯಾಕೆ ಕಳಿಸುತ್ತಾರೆ ಎಂದು ಕೇಳುತ್ತಾರೆ. ಅದಕ್ಕೆ ಉತ್ತರ ಕೊಡಬೇಕಾದವರು ಕಂಪನಿಯವರು. ಪಿಡಿಒ ಅವರಿಗೆ ಹೇಳಿ ಪ್ರಶ್ನೆಯನ್ನು ಲಿಖಿತವಾಗಿ ಕಂಪನಿಗೇ ಕಳಿಸಿ, ಅದರ ಒಂದು ಪ್ರತಿಯನ್ನು ಮಾಲಿನ್ಯ ನಿಯಂತ್ರಣ ಮಂಡಳಿಗೂ ಹಾಕಿಸಿ.